ಎಣ್ಣೆ ಮುಟ್ಟದ ಹುಲಿ

ಹುಲಿ ಕೂಗಿಕೊಂಡಾಗ ನಾನು ಅವನ ಬೆನ್ನಿನ ಮೇಲೆ ಏಳನೆಯ ಪಟ್ಟೆ ಎಳೆಯುತ್ತಿದ್ದೆ. ತೀರ್ಥಹಳ್ಳಿಯ ಒಂದು ಅಕ್ಕಿ ಗಿರಣಿಯ ಹಿಂದಿನ ಅಂಗಳ. ನವರಾತ್ರಿಯ ಒಂದು ಬೆಳಿಗ್ಗೆ, ಒಂಬತ್ತೂ ಕಾಲು ಗಂಟೆ. ನಾನು ಕೈಗಡಿಯಾರವನ್ನು ಬಿಚ್ಚಿ ಗೂಟಕ್ಕೆ ನೇತುಹಾಕಿಯೇ ಕೆಲಸ ಶುರುಮಾಡುವವನು, ಆದ್ದರಿಂದ ಹೊತ್ತು ಸರಿಯಾಗಿ ನೆನಪಿದೆ.

"ಅಣ್ಣ, ಉರೀತದೆ" ಎಂದ.

"ಉರಿ ಎಲ್ಲ ಹುಲಿಗೂ ಇರ್ತದೆ. ಅಲುಗಾಡಬೇಡ" ಎಂದೆ.

ಈ ಮಾತು ಹೇಳಿದ್ದು ನನ್ನ ತಪ್ಪು. ಇನ್ನೊಂದು ನಿಮಿಷ ಕಳೆಯುವಷ್ಟರಲ್ಲಿ ಅವನು ಹಿಡಿದಿದ್ದ ಬಿದಿರಿನ ಗಳಗಳನ್ನು ಬಿಟ್ಟು ಕೂಗತೊಡಗಿದ. ಕಂಕುಳಲ್ಲಿ ನೋಡಿದೆ. ಒಳಗಿನ ಬಿಳಿ ಬಣ್ಣ ಕರಗಿ ಮಜ್ಜಿಗೆಯ ಹಾಗೆ ಇಳಿಯುತ್ತಿತ್ತು. ಅದರ ಕೆಳಗೆ ಚರ್ಮ ಕೆಂಪಗೆ ಎದ್ದಿತ್ತು. ಹಳದಿ ಬಣ್ಣದ ಡಬ್ಬಿಗೆ ಮೂಗು ಒಡ್ಡಿದೆ. ಪೆಟ್ರೋಲು.

ಇಲ್ಲಿ ನನ್ನ ಕ್ರಮವನ್ನು ಹೇಳದೆ ಮುಂದೆ ಹೋಗಲಾರೆ. ಸೈನ್ಯದ ವರ್ಕ್‌ಶಾಪಿನಲ್ಲಿ ಲಾರಿಗಳ ಮೇಲೆ ನಂಬರು ಬರೆಯುತ್ತ ಕಲಿತ ಶಿಸ್ತು ನನ್ನದು. ಸಾಗರಕ್ಕೆ ಬಂದು ಬೋರ್ಡು ಬರೆಯುವ ಅಂಗಡಿ ಇಟ್ಟ ಮೇಲೂ ಅದನ್ನು ಬಿಡಲಿಲ್ಲ. ಹುಲಿವೇಷದ ಮೈಬಣ್ಣಕ್ಕೂ ಅದೇ ಶಿಸ್ತು. ಹಿಂದಿನ ದಿನವೇ ಮೈಯ ಕೂದಲೆಲ್ಲ ಬೋಳಿಸಿಕೊಂಡು ಬರಬೇಕು, ಅಂದೇ ಬೋಳಿಸಿದರೆ ಗಾಯಕ್ಕೆ ಬಣ್ಣ ಇಳಿಯುತ್ತದೆ. ಬೆಳಗಾಗುತ್ತಲೇ ಮೈಗೆ ಕೊಬ್ಬರಿ ಎಣ್ಣೆ ತೀಡಿ, ಹತ್ತಿ ಬಟ್ಟೆಯಿಂದ ಒರೆಸಿ, ಜಿಡ್ಡು ಮಾತ್ರ ಉಳಿಸಬೇಕು. ಅದರ ಮೇಲೆ ಕೊಬ್ಬರಿ ಎಣ್ಣೆಯಲ್ಲೇ ಅರೆದ ಸಫೇದ ಪುಡಿಯ ಬಿಳಿ. ಹುಲಿಯಾಗುವವನು ಎರಡು ಕಡೆ ನೆಟ್ಟ ಗಳಗಳನ್ನು ಹಿಡಿದು ಕೈ ಅಗಲಿಸಿ ನಿಂತಿರಬೇಕು, ಕೂರುವ ಹಾಗಿಲ್ಲ. ಬಿಳಿ ಬಿಗಿದ ಮೇಲೆ ಎನಾಮಲ್ಲಿನ ಹಳದಿ ಎರಡು ಸಲ, ಕೊನೆಗೆ ಕಪ್ಪು ಪಟ್ಟೆ, ಹೊಟ್ಟೆಯ ಮೇಲೆ ಹುಲಿಯ ಮುಖ. ಎನಾಮಲ್ ಬಸ್ಸಿನ ತಗಡಿಗೆ ಮಾಡಿದ ಬಣ್ಣ, ಮನುಷ್ಯನ ಮೈಗಲ್ಲ. ಅದಕ್ಕೂ ಚರ್ಮಕ್ಕೂ ನಡುವೆ ಆ ಎಣ್ಣೆಯ ಬಿಳಿ ಗೋಡೆಯ ಹಾಗೆ ನಿಲ್ಲುತ್ತದೆ. ಸಂಜೆ ಎಣ್ಣೆ ಬಟ್ಟೆ ಹಾಕಿ ತಿಕ್ಕಿದರೆ ಹಾಳೆ ಹಾಳೆಯಾಗಿ ಎದ್ದು ಬರುತ್ತದೆ.

ಪೆಟ್ರೋಲು ಬೆರೆಸಿದರೆ ಹಳದಿ ಬೇಗ ಒಣಗುತ್ತದೆ, ನಿಜ. ಆದರೆ ಅದು ಆ ಗೋಡೆಯನ್ನು ಕರಗಿಸಿ ಚರ್ಮಕ್ಕೆ ಹೋಗುತ್ತದೆ. ಮೊದಲ ಹಳದಿ ಮುಗಿಸಿ ನಾನು ಕೈ ತೊಳೆದು ಕಾಫಿ ಕುಡಿಯಲು ಹತ್ತು ನಿಮಿಷ ಹೋಗಿದ್ದೆ. ಅಷ್ಟರಲ್ಲಿ ಮೆರವಣಿಗೆಯನ್ನು ಒಂದು ಗಂಟೆ ಮುಂಚೆ ಹೊರಡಿಸುತ್ತಾರೆ ಎಂಬ ಸುದ್ದಿ ಬಂದಿತ್ತು. ತಂಡದ ಯಜಮಾನ ಸಾಗರದಲ್ಲಿ ಮೋಟಾರು ರಿಪೇರಿ ಶೆಡ್ಡು ಇಟ್ಟವನು. ಬಿಡಿಭಾಗ ತೊಳೆಯುವ ಪೆಟ್ರೋಲಿನ ಸೀಸೆ ಅವನ ಚೀಲದಲ್ಲಿ ಯಾವಾಗಲೂ ಇರುತ್ತಿತ್ತು.

"ಯಜಮಾನ್ರೇ, ಇದಕ್ಕೆ ಪೆಟ್ರೋಲು ಹಾಕಿದ್ದು ಯಾರು?" ಎಂದು ಎಲ್ಲರ ಮುಂದೆ ಕೇಳಿದೆ.

"ಡಬ್ಬಿ ನಿಂದು, ಕುಂಚ ನಿಂದು, ಕೈ ನಿಂದು. ನನ್ನ ಕೇಳ್ತೀಯಾ?"

"ನಿಮ್ಮ ಸೀಸೆ ತೋರಿಸಿ."

ಅವನು ಸೀಸೆ ತೋರಿಸಲಿಲ್ಲ. ನೇರವಾಗಿ ಹೋಗಿ, ಹುಲಿಯನ್ನು ಕುಣಿಸುವ ತಾಸೆವಾದ್ಯದ ಮೇಲೆ ಬಲಗೈ ಇಟ್ಟ. "ಈ ತಾಸೆ ಮೇಲಾಣೆ, ನಾನು ಡಬ್ಬಿ ಮುಟ್ಟಿಲ್ಲ" ಎಂದ. ಹುಲಿತಂಡದವರಿಗೆ ಅದಕ್ಕಿಂತ ದೊಡ್ಡ ಆಣೆಯಿಲ್ಲ. ಅಲ್ಲಿಗೆ ಮಾತು ಮುಗಿಯಿತು.

ನಾನು ಎಣ್ಣೆ ಬಟ್ಟೆ ಹಿಡಿದು ಹುಡುಗನ ಮೈಗೆ ಕೈ ಹಾಕಿದೆ. ನಮ್ಮ ಕೆಲಸದಲ್ಲಿ ಹಚ್ಚಿದ ಕೈಯೇ ಬಣ್ಣ ಇಳಿಸಬೇಕೆಂಬ ಪದ್ಧತಿ ಇದೆ. ಯಜಮಾನ ಆ ಬಟ್ಟೆಯನ್ನು ನನ್ನ ಕೈಯಿಂದ ಕಿತ್ತುಕೊಂಡ. "ಈ ಕೈ ಇನ್ನು ಯಾರ ಮೈಯನ್ನೂ ಮುಟ್ಟಬಾರದು" ಎಂದು ಕೂಗಿ ಹೇಳಿ, ಬೇರೆಯವರಿಂದ ಇಳಿಸಿದ. ನನ್ನ ಹುಲಿಯ ಬಣ್ಣವನ್ನು ಬೇರೆಯವರು ಅಡ್ಡಾದಿಡ್ಡಿ ಉಜ್ಜುವುದನ್ನು ನಾನು ಗಿರಣಿಯ ಗೋಡೆಗೆ ಒರಗಿ ನೋಡಬೇಕಾಯಿತು. ಚರ್ಮ ಇನ್ನಷ್ಟು ಕಿತ್ತು ಬಂದದ್ದು ಆಗ.

ಹುಲಿಯಾಗಿ ನಿಂತಿದ್ದವನು ಸಾಗರದ ಒಂದು ಮರದ ಮಿಲ್ಲಿನಲ್ಲಿ ಹಲಗೆ ಜೋಡಿಸುವ ಕೆಲಸದಾಳು. ಗಟ್ಟಿ ಮೈಯವನು, ಒಳ್ಳೆ ಕುಣಿತಗಾರ. ಮೂರು ವಾರ ಆಸ್ಪತ್ರೆಯಲ್ಲಿ ಮಲಗಿದ. ನಾನು ಎರಡು ಸಲ ನೋಡಲು ಹೋದೆ. ಎರಡು ಸಲವೂ ಗೋಡೆಯ ಕಡೆ ಮುಖ ತಿರುಗಿಸಿಕೊಂಡ. ಅವನ ತಾಯಿ, "ನಿಮ್ಮ ಕಾಲಿಗೆ ಬೀಳ್ತೀನಿ, ಇನ್ನು ಬರಬೇಡಿ" ಎಂದರು. ನಾನು ಹೋಗುವುದನ್ನು ಬಿಟ್ಟೆ.

ಊರಿಗೆ ಊರೇ ಆಣೆಯನ್ನು ನಂಬಿತು. ಬೋರ್ಡಿನ ಕೆಲಸ ನಡೆಯುತ್ತಿತ್ತು, ಅಕ್ಷರಕ್ಕೆ ನೋವಾಗುವುದಿಲ್ಲವಲ್ಲ. ಆದರೆ ಮೈಬಣ್ಣಕ್ಕೆ ಯಾರೂ ಕರೆಯಲಿಲ್ಲ. ಹೋಟೆಲಿನಲ್ಲಿ ಒಬ್ಬ, "ಪೇಂಟ್ರೇ, ನಮ್ಮನೆ ಸತ್ತ ಎಮ್ಮೆ ಚರ್ಮ ಸುಲೀಬೇಕಿತ್ತು, ಬರ್ತೀರಾ?" ಎಂದು ಕೇಳಿದ. ಎಲ್ಲರೂ ನಕ್ಕರು. ನಾನು ಕಾಫಿ ಮುಗಿಸಿ ಲೋಟ ಮಗುಚಿಟ್ಟು ಎದ್ದು ಬಂದೆ. ನಕ್ಕವರು ಯಾರು ಯಾರು ಎಂದು ಎಣಿಸಿಕೊಂಡೇ ಬಂದೆ.

ಆ ವರ್ಷವಿಡೀ ನಾನು ಒಂದು ಕೆಲಸವನ್ನು ಪಟ್ಟಾಗಿ ಮಾಡಿದೆ. ನನ್ನ ಎಡಗೈಯ ಕೂದಲು ಬೋಳಿಸಿ, ಬಿಳಿ ಹಚ್ಚಿ, ಅದರ ಮೇಲೆ ಎರಡು ಹಳದಿ ಪಟ್ಟಿ ಬಳಿದೆ. ಒಂದಕ್ಕೆ ಪೆಟ್ರೋಲು ಬೆರೆಸಿತ್ತು, ಇನ್ನೊಂದಕ್ಕೆ ಇಲ್ಲ. ಹದಿನೆಂಟನೆಯ ನಿಮಿಷಕ್ಕೆ ಉರಿ, ನಲವತ್ತಕ್ಕೆ ಗುಳ್ಳೆ. ಪಕ್ಕದ ಪಟ್ಟಿಗೆ ಏನೂ ಆಗಲಿಲ್ಲ. ಪುಸ್ತಕದಲ್ಲಿ ಬರೆದಿಟ್ಟೆ. ಹೋಟೆಲಿಗೆ ಹೋಗಿ ಕೈ ತೋರಿಸಿದೆ. "ಪಾಪ, ಸ್ವಂತ ಕೈಯನ್ನೂ ಸುಟ್ಟುಕೊಂಡಿದಾರೆ" ಎಂದರು. ಆಮೇಲೆ ಗೋಂದಿನ ಬಿಳಿ, ತುಪ್ಪದ ಬಿಳಿ, ವಾರ್ನಿಷ್ ಹಾಕಿದ್ದು, ಹಾಕದ್ದು ಎಲ್ಲವನ್ನೂ ತೊಡೆಯ ಮೇಲೆ ಪರೀಕ್ಷಿಸಿದೆ. ಯಾವುದು ಹೇಗೆ ಕೂರುತ್ತದೆ, ಯಾವುದು ಹೇಗೆ ಬಿಡುತ್ತದೆ ಎಂದು. ಯಾರಿಗೂ ತೋರಿಸಲಿಲ್ಲ. ನನಗೆ ಇನ್ನು ಸಾಕ್ಷಿ ಬೇಕಿರಲಿಲ್ಲ. ಅವನ ಬಾಯಿಂದ ಮಾತು ಬೇಕಿತ್ತು. ಅದು ಬರುವ ದಾರಿ ಮಾತ್ರ ಗೊತ್ತಿರಲಿಲ್ಲ.

ಮುಂದಿನ ನವರಾತ್ರಿಗೆ ಹೊಸನಗರದಲ್ಲಿ ಹುಲಿಕುಣಿತದ ಸ್ಪರ್ಧೆ ಇಟ್ಟರು. ಸಮಿತಿಯವರಿಗೆ ಬಟ್ಟೆಯ ಮೇಲೆ ಅಕ್ಷರ ಬರೆದು ರಸ್ತೆಗೆ ಅಡ್ಡ ಕಟ್ಟುವವನೊಬ್ಬ ಬೇಕಿತ್ತು, ನಾನು ಒಪ್ಪಿಕೊಂಡೆ. ಶೆಡ್ಡಿನ ಯಜಮಾನ ಈ ಸಲ ತಾನೇ ತಂಡದ ಮುಂದೆ ಕುಣಿಯುವ ಹಿರಿಹುಲಿಯಾಗುತ್ತಾನೆಂದು ಕೇಳಿದ್ದೆ. ಅವನ ಅಕ್ಕನನ್ನು ಹೊಸನಗರಕ್ಕೆ ಕೊಟ್ಟಿತ್ತು. ವರ್ಷವೆಲ್ಲ ತಮ್ಮನ ಶೆಡ್ಡಿಗೆ ಒಂದಲ್ಲ ಒಂದು ತೊಂದರೆಯಾಗುತ್ತಿದೆಯೆಂದು ಆಕೆ ಹರಕೆ ಹೇಳಿಕೊಂಡಿದ್ದರು, ತಮ್ಮ ವ್ರತ ಹಿಡಿದು ಹುಲಿವೇಷ ಹಾಕಿ ಕುಣಿಯುತ್ತಾನೆ ಎಂದು.

ಬಟ್ಟೆ ಕಟ್ಟಬೇಕಾದ ಕಂಬ ಆ ಅಕ್ಕನ ಮನೆಯ ಪಾಗಾರದ ಪಕ್ಕಕ್ಕೇ ಇತ್ತು. ಇದನ್ನು ನಾನು ಏರ್ಪಡಿಸಿದ್ದಲ್ಲ. ಬೆಳಿಗ್ಗೆ ಏಳೂವರೆಗೆ ಏಣಿ ಹತ್ತಿದೆ. ಅಂಗಳ ಪೂರ್ತಿ ಕಾಣುತ್ತಿತ್ತು. ಯಜಮಾನ ಗಳ ಹಿಡಿದು ನಿಂತಿದ್ದ. ಹೊರಗಿನಿಂದ ಕರೆಸಿದ ಹೊಸ ಪೇಂಟರು ಎಣ್ಣೆಯ ತಂಬಿಗೆ ತೆಗೆದುಕೊಂಡ.

"ಎಣ್ಣೆ ಎಂತಕ್ಕೆ?" ಎಂದರು ಅಕ್ಕ. ಎತ್ತರದ ಹೆಂಗಸು, ಗಟ್ಟಿ ಗಂಟಲು.

"ಮೊದಲು ಮೈಗೆ ತಿಕ್ಕಬೇಕು ಅಮ್ಮ."

"ವ್ರತ ಹಿಡಿದವನಿಗೆ ಎಣ್ಣೆ ಸೋಕಿಸ್ತೀಯಾ? ನವಮಿ ಕಳೆಯೋ ತನಕ ಅವನು ತಲೆಗೂ ಎಣ್ಣೆ ಮುಟ್ಟಿಸೋ ಹಾಗಿಲ್ಲ. ಅತ್ಲಾಗಿಡು."

ಪೇಂಟರು ತಲೆ ಕೆರೆದುಕೊಂಡ. ಆಮೇಲೆ ಸಫೇದವನ್ನು ಗೋಂದಿನ ನೀರಿನಲ್ಲಿ ಕಲಸಿದ. ಎಣ್ಣೆಯಿಲ್ಲದ ಒಣ ಮೈಗೆ ಆ ಬಿಳಿಯನ್ನು ಬಳಿದ. ಅದರ ಮೇಲೆ ಎನಾಮಲ್. ಮಧ್ಯಾಹ್ನ ಮಳೆ ಬರುವ ಹಾಗಿತ್ತು, ಬಣ್ಣ ನಿಲ್ಲಲೆಂದು ಕೊನೆಗೆ ಬಸ್ಸಿಗೆ ಹೊಡೆಯುವ ವಾರ್ನಿಷ್ಷನ್ನೂ ಹೊಡೆಯುವುದು ಎಂದು ಅವರಲ್ಲಿ ಮಾತಾಯಿತು.

ನಾನು ಏಣಿಯ ಮೇಲೆ ಹಗ್ಗ ಬಿಗಿಯುತ್ತ ಇದ್ದೆ. ಗೋಂದಿನ ಬಿಳಿ ನನ್ನ ತೊಡೆಯ ಮೇಲೆ ಏನು ಮಾಡಿತ್ತು ಎಂದು ಗೊತ್ತಿತ್ತು. ನೀರು ಸಿಕ್ಕಿದರೆ ಮಾತ್ರ ಗೋಂದು ಕರಗುತ್ತದೆ, ಮೇಲಿನ ಎನಾಮಲ್ ಮತ್ತು ವಾರ್ನಿಷ್ ನೀರನ್ನು ಒಳಗೆ ಬಿಡುವುದಿಲ್ಲ. ಸೀಮೆಎಣ್ಣೆ ಮೇಲಿನದನ್ನು ಕರಗಿಸಬಹುದು, ಗೋಂದನ್ನು ಅಲುಗಿಸಲಾರದು. ಸಂಜೆ ಆ ಬಣ್ಣ ಮೈಯನ್ನು ಬಿಡುವುದಿಲ್ಲ. ವ್ರತದ ಮೈಗೆ ನಮ್ಮಲ್ಲಿ ಹಳೆಯದೊಂದು ಉಪಾಯವಿದೆ: ತುಪ್ಪ. ತುಪ್ಪಕ್ಕೆ ವ್ರತದಲ್ಲಿ ದೋಷವಿಲ್ಲ, ಜಿಡ್ಡಿನ ಕೆಲಸವನ್ನೂ ಮಾಡುತ್ತದೆ. ಏಣಿಯ ಮೇಲಿನಿಂದ ಆ ಒಂದು ಶಬ್ದವನ್ನು ಹೇಳಿದ್ದರೆ ಸಾಕಿತ್ತು.

ಯಜಮಾನ ತಲೆ ಎತ್ತಿ ನನ್ನನ್ನು ನೋಡಿದ. "ಎಂತ ಪೇಂಟ್ರೇ, ಏಣಿ ಮೇಲಿಂದ ಕಲೀತಾ ಇದೀರಾ? ನೋಡ್ಕಳಿ, ನೋಡ್ಕಳಿ. ಕೈ ಮಾತ್ರ ಹಾಕ್ಬೇಡಿ" ಎಂದ. ಅಂಗಳದಲ್ಲಿದ್ದವರು ನಕ್ಕರು.

ಅವನು ಅಣಕಿಸದಿದ್ದರೆ ನಾನು ಹೇಳುತ್ತಿದ್ದೆನೇ? ಇಲ್ಲ. ಅದಕ್ಕೂ ಮುಂಚೆಯೇ ನಿರ್ಧಾರವಾಗಿತ್ತು. ಎರಡನೆಯ ಗಂಟು ಬಿಗಿದು ಇಳಿದೆ.

ಸ್ಪರ್ಧೆಯಲ್ಲಿ ಅವನು ಚೆನ್ನಾಗಿ ಕುಣಿದ, ಇಲ್ಲವೆನ್ನಲಾರೆ. ನಡುವೆ ಹನಿ ಬಿತ್ತು. ಬೇರೆ ಹುಲಿಗಳ ಪಟ್ಟೆ ಮಸುಕಾದವು, ಇವನದು ಗಾಜಿನ ಹಾಗೆ ಹೊಳೆಯಿತು. ಜನ ಶಿಳ್ಳೆ ಹೊಡೆದರು. ಬಹುಮಾನ ಅವನಿಗೇ. ನಾನೂ ಕೈ ತಟ್ಟಿದೆ. ಅಷ್ಟು ಹೊಳೆದರೆ ಎಷ್ಟು ಗಟ್ಟಿಯಾಗಿ ಕೂತಿರಬೇಕೆಂದು ಲೆಕ್ಕ ಹಾಕುತ್ತ ತಟ್ಟಿದೆ.

ಎರಡು ಗಂಟೆಗೆ ಅವರು ಬಣ್ಣ ಇಳಿಸಲು ಕೂತರು. ಎರಡೂವರೆಯ ಸಾಗರದ ಬಸ್ಸನ್ನು ನಾನು ಬಿಟ್ಟುಕೊಟ್ಟೆ. ಎದುರಿನ ಹೋಟೆಲಿನಲ್ಲಿ ಅವಲಕ್ಕಿ ತಿಂದು ಬೆಂಚಿನ ಮೇಲೆ ಕೂತೆ. ಮೂರೂ ಕಾಲಿಗೆ ಹೊಸ ಪೇಂಟರು ಚೀಲ ಹೆಗಲಿಗೇರಿಸಿ, ಆಚೀಚೆ ನೋಡದೆ, ಬಸ್ ನಿಲ್ದಾಣದ ಕಡೆ ಬಿರಬಿರನೆ ಹೋದ. ಇನ್ನು ಹತ್ತು ನಿಮಿಷ ಎಂದುಕೊಂಡೆ. ಆರೇ ನಿಮಿಷಕ್ಕೆ ತಾಸೆಯವನು ಓಡಿ ಬಂದ.

"ಪೇಂಟ್ರೇ, ಬನ್ನಿ. ಅಕ್ಕೋರು ಕರೀತಾರೆ."

"ಕಾಫಿ ಹೇಳಿದೀನಿ. ಕುಡಿದು ಬರ್ತೀನಿ" ಎಂದೆ. ಕುಡಿದೇ ಹೋದೆ.

ಬಚ್ಚಲಿನ ಮುಂದೆ ಯಜಮಾನ ಮುಕ್ಕಾಲು ಹುಲಿಯಾಗಿ ನಿಂತಿದ್ದ. ಒಂದು ಭುಜದ ಮೇಲೆ ಸೀಮೆಎಣ್ಣೆ ಹಾಕಿ ತಿಕ್ಕಿ ತಿಕ್ಕಿ ಹಳದಿ ಹೋಗಿ, ಬಿಳಿಯ ಜೊತೆ ಚರ್ಮವೂ ಅಲ್ಲಲ್ಲಿ ಎದ್ದಿತ್ತು. ಹಲ್ಲು ಕಟಕಟ ಎನ್ನುತ್ತಿತ್ತು. ಬೆವರು ಹೊರಗೆ ಹೋಗಲು ದಾರಿಯಿಲ್ಲದ ಮೈ ಮೊದಲು ಕಾಯುತ್ತದೆ, ಆಮೇಲೆ ನಡುಗುತ್ತದೆ.

"ನೀವಾ ಸಾಗರದ ಪೇಂಟ್ರು? ನೋಡಿ ಮಾರಾಯ್ರೆ, ಹುಲಿ ಆಗ್ತೀನಿ ಅಂತ ಹೋಗಿ ಸುಟ್ಟ ಹೆಂಚಾಗಿ ನಿಂತಿದಾನೆ. ಹೆಂಗಾದ್ರೂ ಬಿಡಿಸಿಕೊಡಿ" ಎಂದರು ಅಕ್ಕ.

"ಹಚ್ಚಿದವರೆಲ್ಲಿ?"

"ಬಸ್ ಹತ್ತಿದ, ಹಾಳಾದೋನು."

"ಹಚ್ಚಿದ ಕೈಯೇ ಇಳಿಸ್ಬೇಕಮ್ಮ. ಅಲ್ಲದೆ ಈ ನನ್ನ ಕೈ ಯಾರ ಮೈಯನ್ನೂ ಮುಟ್ಟಬಾರದು ಅಂತ ನಿಮ್ಮ ತಮ್ಮನೇ ಹೇಳಿದಾರೆ. ಬೆಳಿಗ್ಗೆ ಇನ್ನೊಂದ್ಸಲ ಹೇಳಿದ್ರು. ನೀವೂ ಅಲ್ಲೇ ಇದ್ರಿ."

ಅಕ್ಕ ತಮ್ಮನ ಕಡೆ ತಿರುಗಿದರು. "ಕೇಳೋ. ಬಾಯಿ ಬಿಟ್ಟು ಕೇಳು."

ಯಜಮಾನ ನೆಲ ನೋಡಿಕೊಂಡು, "ಇಳಿಸಿ ಪೇಂಟ್ರೇ" ಎಂದ.

ನಾನು ಗಡಿಯಾರ ಬಿಚ್ಚಿ ಬಚ್ಚಲ ಬಾಗಿಲಿನ ಚಿಲಕಕ್ಕೆ ನೇತುಹಾಕಿದೆ. ಮೂರು ಗಂಟೆ ನಲವತ್ತು ನಿಮಿಷ. ಹಂಡೆಯಲ್ಲಿ ನೀರು ಕಾಯಿಸಲು ಹೇಳಿದೆ. ಅರ್ಧ ಸೇರು ತುಪ್ಪ ತರಿಸಿದೆ, ಎಣ್ಣೆಯ ಮಾತೇ ಎತ್ತಲಿಲ್ಲ. ಸೀಮೆಎಣ್ಣೆಯನ್ನು ಬಟ್ಟೆಗೆ ಸೋಕಿಸಿ ಅಂಗೈ ಅಗಲದ ಜಾಗದಲ್ಲಿ ವಾರ್ನಿಷ್ ಮಾತ್ರ ಮೆದುವಾಗುವವರೆಗೆ ಒತ್ತಿ ಹಿಡಿಯುವುದು, ತಿಕ್ಕುವ ಹಾಗಿಲ್ಲ. ಬಣ್ಣ ಬಿರುಕು ಬಿಟ್ಟ ಕೂಡಲೆ ಸೀಮೆಎಣ್ಣೆ ಒರೆಸಿ, ಬಿಸಿನೀರಿನ ದಪ್ಪ ಬಟ್ಟೆ ಹಾಕಿ ಐದು ನಿಮಿಷ ಬಿಡುವುದು. ಬಿರುಕಿನಿಂದ ನೀರು ಒಳಗಿಳಿದು ಗೋಂದನ್ನು ಸಡಿಲಿಸುತ್ತದೆ. ಆಗ ಅಡಿಕೆ ಹಾಳೆಯ ಚೂರಿನ ಅಂಚಿನಿಂದ ಎಬ್ಬಿಸಿ, ತೌಡು ಹಾಕಿ ಒರೆಸಿ, ತುಪ್ಪ ಸವರುವುದು. ಒಂದೊಂದು ಅಂಗೈ ಜಾಗಕ್ಕೂ ಇಷ್ಟೂ ಆಗಬೇಕು. ನನ್ನ ತೊಡೆಯ ಮೇಲೆ ಹನ್ನೊಂದು ಸಲ ಮಾಡಿದ್ದೆ.

ಎದೆ, ಬೆನ್ನು ಮೊದಲು. ಅಲ್ಲಿ ಯಾವ ಕರಾರೂ ಹಾಕಲಿಲ್ಲ. ಮೈಗೆ ಅಪಾಯವಿರುವ ಜಾಗ ಅದು, ಅಪಾಯವನ್ನು ನಾನು ಚೌಕಾಸಿಗೆ ಇಡುವವನಲ್ಲ. ಹೊಟ್ಟೆಯ ಮೇಲಿನ ಹುಲಿಮುಖವೂ ಎದ್ದು ಬಂತು. ನಾಲ್ಕೂ ಮುಕ್ಕಾಲಿಗೆ ಅವನ ನಡುಕ ನಿಂತಿತು. "ಅಬ್ಬ" ಎಂದ.

ಎಡಗೈಗೆ ಬಂದೆ. ಬಟ್ಟೆ ಕೆಳಗಿಟ್ಟೆ.

"ತೀರ್ಥಹಳ್ಳೀಲಿ ಡಬ್ಬಿಗೆ ಪೆಟ್ರೋಲು ಹಾಕಿದ್ದು ಯಾರು?"

"ಅದೆಲ್ಲ ಈಗೆಂತಕ್ಕೆ..."

ನಾನು ಕೈ ತೊಳೆದು, ಪಂಚೆಗೆ ಒರೆಸಿಕೊಂಡು ಮೆಟ್ಟಿಲ ಮೇಲೆ ಕೂತೆ. ನೀರು ಆರುತ್ತಿತ್ತು. ಅರ್ಧ ಮನುಷ್ಯ, ಅರ್ಧ ಹಳದಿ ಹುಲಿ ನನ್ನ ಮುಂದೆ ನಿಂತಿತ್ತು. ಗಡಿಯಾರ ನೋಡುತ್ತಿದ್ದೆ. ಎಂಟು ನಿಮಿಷ.

"ಎಂತ ಪೆಟ್ರೋಲು?" ಎಂದರು ಅಕ್ಕ.

ನಾನು ಹೇಳಿದೆ. ಗಿರಣಿಯ ಅಂಗಳ, ಡಬ್ಬಿ, ಹುಡುಗನ ಮೈ, ತಾಸೆಯ ಮೇಲಿನ ಆಣೆ, ಎಲ್ಲವನ್ನೂ ಹೊತ್ತಿನ ಸಮೇತ. ಆಕೆ ಅರ್ಧ ಕೇಳುವಷ್ಟರಲ್ಲೇ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದರು.

"ತಾಸೆ ಮುಟ್ಟಿ ಸುಳ್ಳಾಣೆ ಇಟ್ಯಾ? ಆಮೇಲೆ ಅದೇ ತಾಸೆಗೆ ಕುಣಿದ್ಯಾ? ಅದಕ್ಕೇ ಮೈ ಬಿಡ್ತಾ ಇಲ್ಲ ಕಣೋ! ನಾನು ಮುಂಡೇದು, ಶೆಡ್ಡಿಗೆ ಯಾರೋ ಕಣ್ಣು ಹಾಕಿದಾರೆ ಅಂತ ಹರಕೆ ಹೊತ್ತೆ!"

ಮೈ ಬಿಡದಿರುವುದು ಗೋಂದಿನಿಂದ ಎಂದು ನನಗೆ ಗೊತ್ತಿತ್ತು. ಎಣ್ಣೆ ಬೇಡವೆಂದವರು ಆಕೆಯೇ ಎಂಬುದೂ ಗೊತ್ತಿತ್ತು. ಆಣೆಯಿಂದ ಎಂದು ಆಕೆಗೆ ತೋರಿತು. ನಾನು ತಿದ್ದಲಿಲ್ಲ.

"ಹೇಳೋ!" ಎಂದು ಅಕ್ಕ ಅವನ ಸ್ವಚ್ಛವಾಗಿದ್ದ ಬೆನ್ನಿಗೆ ಒಂದು ಗುದ್ದಿದರು.

"ನಾನೇ ಹಾಕಿದ್ದು. ಹೊತ್ತಾಗಿತ್ತು. ಒಣಗ್ಲಿ ಅಂತ" ಎಂದ.

"ಜೋರಾಗಿ ಹೇಳಿ. ತಾಸೆಯವರಿಗೆ ಕೇಳ್ಬೇಕು" ಎಂದೆ.

ಜೋರಾಗಿ ಹೇಳಿದ. ನಾನು ಎಡಗೈ ಇಳಿಸಿದೆ. ಬಲಗೈಗೆ ಮುಂಚೆ, ಬಟ್ಟೆ ಕಿತ್ತುಕೊಂಡದ್ದು ತಪ್ಪೆಂದು ಹೇಳಿಸಿದೆ. ಕಾಲಿಗೆ ಏನನ್ನೂ ಕೇಳಲಿಲ್ಲ, ನನ್ನ ಬಳಿ ಪ್ರಶ್ನೆ ಮುಗಿದಿದ್ದವು. ದೀಪ ಹಚ್ಚುವ ಹೊತ್ತಿಗೆ ಕುತ್ತಿಗೆಯಿಂದ ಕೆಳಗೆ ಅವನು ಮನುಷ್ಯನಾಗಿದ್ದ. ಮುಖ ಮಾತ್ರ ಹುಲಿಯದು, ಮೀಸೆ ಸಮೇತ. ನಾನು ಬಟ್ಟೆಗಳನ್ನು ಹಿಂಡಿ ಹಗ್ಗಕ್ಕೆ ಹರವಿದೆ.

"ಮುಖ?" ಎಂದ.

"ಮುಖದಲ್ಲಿ ಇದ್ದರೆ ಜೀವಕ್ಕೇನೂ ಆಗಲ್ಲ. ಅದನ್ನ ನಾಳೆ ಸಾಗರದಲ್ಲಿ ಇಳಿಸ್ತೀನಿ. ಮರದ ಮಿಲ್ಲಿನಲ್ಲಿ, ಆ ಹುಡುಗನ ಮುಂದೆ. ಇವತ್ತು ಹೇಳಿದ್ದನ್ನೇ ಅಲ್ಲೂ ಹೇಳಿ."

"ಈ ಮುಖ ಇಟ್ಕೊಂಡು ಬಸ್ಸಲ್ಲಿ ಹೋಗ್ಲಾ?"

"ಹೋಗು" ಎಂದರು ಅಕ್ಕ. "ನಾನೂ ಬರ್ತೀನಿ."

ಮರುದಿನ ಬೆಳಗಿನ ಮೊದಲ ಬಸ್ಸಿಗೆ ಮೂವರೂ ಹತ್ತಿದೆವು. ಇಸ್ತ್ರಿ ಮಾಡಿದ ಅಂಗಿ, ಬಿಳಿ ಪಂಚೆ, ಮೇಲೆ ಹಳದಿ ಹುಲಿಮುಖ. ಒಂದು ಮಗು ಕಿರುಚಿ ತಾಯಿಯ ಸೆರಗಿನೊಳಗೆ ಹೊಕ್ಕಿತು. ಕಂಡಕ್ಟರು ನಮ್ಮ ಸೀಟಿನ ಹತ್ತಿರ ಬಂದು, "ಹುಲಿಗೆ ಫುಲ್ ಟಿಕೇಟಾ, ಲಗೇಜಾ?" ಎಂದ. ಯಜಮಾನ ಟವೆಲ್ಲಿನಿಂದ ಮುಖ ಮುಚ್ಚಿಕೊಳ್ಳಲು ಹೋದ. "ಗಾಳಿ ಆಡ್ಲಿ, ಮುಚ್ಚಬೇಡಿ" ಎಂದೆ. ಅದು ಚರ್ಮದ ಒಳ್ಳೆಯದಕ್ಕೆ ಹೇಳಿದ ಮಾತೆಂದು ಅಕ್ಕ ನಂಬಿ ಟವೆಲ್ ಕಿತ್ತು ತಮ್ಮ ಚೀಲಕ್ಕೆ ಹಾಕಿಕೊಂಡರು. ಸಾಗರದವರೆಗೆ ನಾನು ಕಿಟಕಿಯ ಹೊರಗೆ ನೋಡುತ್ತ ಕೂತಿದ್ದೆ. ಅಷ್ಟು ಸುಖವಾದ ಬಸ್ ಪ್ರಯಾಣವನ್ನು ನಾನು ಮತ್ತೆ ಮಾಡಿಲ್ಲ.

ನಿಲ್ದಾಣದಿಂದ ಮಿಲ್ಲಿಗೆ ಪೇಟೆಬೀದಿಯಲ್ಲೇ ನಡೆಸಿದೆ. ಹೋಟೆಲಿನವರು ಹೊರಗೆ ಬಂದರು. ಎಮ್ಮೆಯ ಮಾತಾಡಿದ್ದವನೂ ಹಿಂದೆ ಬಂದ. ಮಿಲ್ಲಿನ ಗರಗಸ ನಿಂತಿತು. ಹಲಗೆ ಜೋಡಿಸುತ್ತಿದ್ದ ಹುಡುಗ ಕೈ ಕೊಡವಿಕೊಂಡು ಎದ್ದು ನಿಂತ. ಅವನ ಕಂಕುಳ ಕೆಳಗೆ ಆ ಕಲೆ ಇನ್ನೂ ಇತ್ತು.

ಯಜಮಾನ ಎಲ್ಲವನ್ನೂ ಹೇಳಿದ. ಪೆಟ್ರೋಲು ಹಾಕಿದ್ದು ತಾನು, ಆಣೆ ಸುಳ್ಳು, ಪೇಂಟರ ಕೈಯಲ್ಲಿ ತಪ್ಪಿಲ್ಲ. ಜನ ಗುಜುಗುಜು ಎಂದರು. ನಾನು ಹುಡುಗನ ಮುಖವನ್ನೇ ನೋಡುತ್ತಿದ್ದೆ. ಒಂದು ವರ್ಷ ಈ ಗಳಿಗೆಯನ್ನು ನಾನು ಎಷ್ಟು ಸಲ ಕಲ್ಪಿಸಿಕೊಂಡಿದ್ದೆನೋ. ಅವನು ಸಿಟ್ಟಾಗಿ ಯಜಮಾನನ ಮೇಲೆ ಬೀಳಬೇಕಿತ್ತು, ಇಲ್ಲವೇ ನನ್ನ ಕೈ ಹಿಡಿದುಕೊಳ್ಳಬೇಕಿತ್ತು. ಅವನು ಎರಡನ್ನೂ ಮಾಡಲಿಲ್ಲ. ಕಾಲ ಹೆಬ್ಬೆರಳಿನಿಂದ ಮರದ ಪುಡಿ ಕೆದಕಿದ.

"ನಂಗೆ ಗೊತ್ತಿತ್ತಣ್ಣ" ಎಂದ.

"ಎಂತ ಗೊತ್ತಿತ್ತು?"

"ನನ್ನೆದುರಿಗೇ ಹಾಕಿದ್ರು. ಕೇಳಿಯೇ ಹಾಕಿದ್ರು. ನನ್ನ ಕಾಲು ಸೋತು ಹೋಗಿತ್ತು, ಬೇಗ ಒಣಗ್ತದಾದ್ರೆ ಹಾಕಿ ಅಂದೆ."

"ಮತ್ತೆ ಆಸ್ಪತ್ರೇಲಿ? ಈ ಒಂದು ವರ್ಷ?"

"ಮುಂದಿನ ವರ್ಷ ಹಿರಿಹುಲಿ ನೀನೇ, ಬಾಯಿ ಬಿಡ್ಬೇಡ ಅಂದಿದ್ರು."

ಯಾರೋ ನಕ್ಕರು. ಹಿರಿಹುಲಿಯ ಮುಖವನ್ನು ಹೊತ್ತು ನಿಂತಿದ್ದ ಯಜಮಾನ ಬೇರೆ ಕಡೆ ನೋಡಿದ. ಅಕ್ಕ, "ಥೂ, ಇಬ್ರೂ ಸೇರಿ!" ಎಂದರು.

ನಾನು ಮಾತು ಕೊಟ್ಟಿದ್ದೆ, ಆದ್ದರಿಂದ ಮಿಲ್ಲಿನ ಬಾವಿಕಟ್ಟೆಯ ಮೇಲೆ ಯಜಮಾನನನ್ನು ಕೂರಿಸಿ ಮುಖ ಇಳಿಸಿದೆ. ಕಣ್ಣಿನ ಸುತ್ತ ಸೀಮೆಎಣ್ಣೆ ಸೋಕದಂತೆ, ತುಪ್ಪ ಮತ್ತು ಬಿಸಿನೀರಿನಲ್ಲೇ. ಮೂವತ್ತೈದು ನಿಮಿಷ ಹಿಡಿಯಿತು. ಒಂದು ಗೀರೂ ಬೀಳಲಿಲ್ಲ. ಜನ ಕೊನೆಯವರೆಗೂ ನಿಂತು ನೋಡಿದರು. ಹೋಟೆಲಿನವನು, "ಕೈ ಅಂದ್ರೆ ಕೈ" ಎಂದ. ಹಿಂದಿನ ವರ್ಷ ಆ ಮಾತಿಗಾಗಿ ನಾನು ಏನನ್ನು ಬೇಕಾದರೂ ಕೊಡುತ್ತಿದ್ದೆ. ಅಂದು ಅದು ಕಿವಿಯ ಹೊರಗೇ ಉಳಿಯಿತು. ನನ್ನ ಲೆಕ್ಕವೆಲ್ಲ ಒಬ್ಬನ ಮೇಲೆ ಇತ್ತು. ಇಬ್ಬರ ಮೇಲೆ ಇರಬೇಕಾಗಿತ್ತೆಂದು ಈಗ ತಿಳಿದಿತ್ತು. ಸುಳ್ಳು ಹೇಳಿದವನಿಗಾದರೂ ಆಣೆಯ ಭಾರವಿತ್ತು. ಇವನು ನಿಜವನ್ನು ಹಾಸಿಗೆಯ ಕೆಳಗಿಟ್ಟುಕೊಂಡು, ನಾನು ಎರಡು ಸಲ ಹೋದಾಗಲೂ ಗೋಡೆ ನೋಡುತ್ತ ಮಲಗಿದ್ದ.

ಕುಂಚಗಳಿಗೆ ಎಣ್ಣೆ ಸವರಿ ಕಟ್ಟಿಟ್ಟೆ.

ಮುಂದಿನ ನವರಾತ್ರಿಯಲ್ಲಿ ಸಾಗರದಲ್ಲೇ ಮೂರು ಹುಲಿಗಳ ಕೆಲಸ ನನಗೆ ಬಂತು. ಶೆಡ್ಡಿನ ತಂಡ ಒಡೆದುಹೋಗಿತ್ತು. ತಾಸೆಯವರೇ ಹೊಸ ತಂಡ ಕಟ್ಟಿದ್ದರು. ಹಿರಿಹುಲಿ ಯಾರೆಂದು ಕೇಳಿದೆ. ಮಿಲ್ಲಿನ ಹುಡುಗ ಎಂದರು. ಸಂಜೆ ಅವನೇ ಅಂಗಡಿಗೆ ಬಂದ.

"ಅಣ್ಣ, ಹಳೇದು ಮನಸ್ಸಲ್ಲಿ ಇಟ್ಕೋಬೇಡಿ. ನಿಮ್ಮ ಕೈಯಿಂದ್ಲೇ ಆಗ್ಬೇಕು."

"ನಾಳೆ ಬೋಳಿಸಿಕೊಂಡು ಬಾ. ನಾಡಿದ್ದು ಬೆಳಿಗ್ಗೆ ಆರಕ್ಕೆ" ಎಂದೆ.

ಸರಿಯಾಗಿ ಆರಕ್ಕೆ ಬಂದ. ಅಂಗಡಿಯ ಹಿಂದಿನ ಅಂಗಳದಲ್ಲಿ ಮೂರು ಜೊತೆ ಗಳ ನೆಟ್ಟಿದ್ದೆ. ಗಡಿಯಾರ ನೇತುಹಾಕಿದೆ. ಮೂವರಿಗೂ ಎಣ್ಣೆ ತೀಡಿ ಒರೆಸಿದೆ. ಅವನ ಕಂಕುಳ ಕಲೆಯ ಮೇಲೆ ಎರಡು ಸಲ ಎಣ್ಣೆ ಕೂರಿಸಿದೆ, ಅಲ್ಲಿ ಚರ್ಮ ತೆಳುವಾಗಿತ್ತು. ಮೂವರಿಗೂ ಬಿಳಿ ಹಚ್ಚಿದೆ. ಅವನಿಗೆ ಹಚ್ಚಿದ ಬಿಳಿ ಆ ದಿನದ ನನ್ನ ಒಳ್ಳೆಯ ಕೆಲಸ. ಎಲ್ಲೂ ಕುಂಚದ ಗೆರೆಯಿರಲಿಲ್ಲ, ರೆಪ್ಪೆಯ ಅಂಚಿನವರೆಗೆ ಸಮನಾಗಿತ್ತು. ಆಮೇಲೆ ಉಳಿದ ಇಬ್ಬರಿಗೆ ಹಳದಿ, ಕಪ್ಪು, ಹೊಟ್ಟೆಯ ಮುಖ. ಈ ಸಲ ಡಬ್ಬಿ ಬಿಟ್ಟು ಒಂದು ನಿಮಿಷವೂ ಆಚೆ ಹೋಗಲಿಲ್ಲ.

ಹತ್ತು ಗಂಟೆಗೆ ಅವನು, "ಅಣ್ಣ, ನಂಗೆ ಹಳದಿ ಯಾವಾಗ?" ಎಂದ.

"ಒಣಗಲಿ" ಎಂದೆ.

"ಒಣಗಿದೆ ಅನ್ಸುತ್ತೆ."

"ಅವಸರ ಮಾಡ್ಬಾರ್ದು. ಅವಸರ ಮಾಡಿದ್ರೆ ಎಂತಾಗ್ತದೆ ಅಂತ ನಿನಗೆ ಗೊತ್ತಲ್ಲ."

ಅವನು ಹಲ್ಲು ಕಿರಿದ. ಹನ್ನೊಂದಕ್ಕೆ ಇಬ್ಬರು ಹುಲಿಗಳೂ ತಯಾರಾದರು. ನಾನು ಕುಂಚ ತೊಳೆದೆ. ಡಬ್ಬಿಗಳ ಬಾಯಿ ಬಿಗಿದೆ. ಒಂದು ಬಟ್ಟಲು ಕೊಬ್ಬರಿ ಎಣ್ಣೆ, ಎರಡು ಹತ್ತಿ ಬಟ್ಟೆ ಅವನ ಕಾಲ ಹತ್ತಿರ ಇಟ್ಟೆ. ಆ ಬಿಳಿ ಅಷ್ಟರಲ್ಲೇ ಹೋಗುತ್ತದೆ, ಯಾರ ಸಹಾಯವೂ ಬೇಡ. ಗಡಿಯಾರ ಕೈಗೆ ಕಟ್ಟಿಕೊಂಡೆ. ಹೊರಗೆ ತಾಸೆ ಶುರುವಾಯಿತು. ತಾಸೆಯವನು ಒಳಗೆ ಇಣುಕಿ, "ಹಿರಿಹುಲಿ?" ಎಂದ. "ಈ ವರ್ಷ ಎರಡೇ" ಎಂದೆ. ಅವನು ನನ್ನನ್ನು ನೋಡಿದ, ಗಳ ಹಿಡಿದು ನಿಂತಿದ್ದವನನ್ನು ನೋಡಿದ, ತಿರುಗಿ ಬೀದಿಗೆ ಹೋದ. ಮಿಲ್ಲಿಗೆ ಅಂದು ಅವನೂ ಬಂದಿದ್ದ.

"ಅಣ್ಣ? ಅಣ್ಣಾ, ನಾನು?" ಎಂಬುದು ಕೇಳಿಸಿತು.

ನಾನು ಇಬ್ಬರು ಹುಲಿಗಳ ಹಿಂದೆ ಬೀದಿಗಿಳಿದೆ. ತಾಸೆ ಮುಂದೆ ಮುಂದೆ ಹೋಗುತ್ತಿತ್ತು, ಜನ ಸೇರುತ್ತಿದ್ದರು. ತಿರುವಿನಲ್ಲಿ ಪಾಗಾರದ ಮೇಲಿನಿಂದ ಒಮ್ಮೆ ಅಂಗಳದ ಕಡೆ ನೋಡಿದೆ. ಬಿಳಿ ಮೈ, ಬಿಳಿ ಮುಖ, ಪಟ್ಟೆ ಒಂದೂ ಇಲ್ಲ. ಕೈ ಅಗಲಿಸಿಕೊಂಡೇ ನಿಂತಿದ್ದ. ಗಳಗಳನ್ನು ಇನ್ನೂ ಬಿಟ್ಟಿರಲಿಲ್ಲ, ಬಣ್ಣ ಕೆಡಬಾರದೆಂದು.